ಏಪ್ರಿಲ್ ಹದಿನೈದರ ಮುದ್ರೆ

ವಿಲ್ಮಾ ಅಡುಗೆಮನೆಯ ಮೇಜಿನ ಮೇಲೆ ಕೈ ಒರೆಸುವ ಕಾಗದವೊಂದನ್ನು ಹರಡಿಕೊಂಡು, ಸತ್ತ ತಮ್ಮನ ಸಹಿಯನ್ನು ಮತ್ತೆ ಮತ್ತೆ ಬರೆದು ಕೈ ಪಳಗಿಸಿಕೊಳ್ಳುತ್ತಿದ್ದಳು. ಮೈಮೇಲೆ ಕಪ್ಪು ಉಡುಪು, ಕಿವಿಯಲ್ಲಿ ಮುತ್ತು. ಶಾಲೆಯ ಮಗುವಿನ ಹಾಗೆ ನಾಲಗೆಯ ತುದಿ ಹೊರಗೆ ಬಂದಿತ್ತು.

"ಕೊನೇ ಅಕ್ಷರದ ಬಾಲ ಮೇಲಕ್ಕೆ ಹೋಗತ್ತೋ ಕೆಳಕ್ಕೋ, ನೊರೀನ್? ನೋಡಿಲ್ಲಿ, ಥೇಟ್ ಅವನದೇ. ಕೊಡು ಆ ಫಾರಂ, ಹಾಕಿ ಮುಗಿಸ್ತೀನಿ."

"ಸತ್ತೋರ ಸಹಿ ಹಾಕೋದು ಅಪರಾಧ," ಎಂದಳು ಸತ್ತವನ ಹೆಂಡತಿ ನೊರೀನ್.

"ಅಪರಾಧವಂತೆ! ಅವನು ಸತ್ತಿದ್ದು ಶನಿವಾರ. ಶುಕ್ರವಾರ ಹಾಕಿದ್ದ ಅಂದ್ಕೊಂಡ್ರಾಯ್ತು. ಕೊಲಂಬಸ್‌ನ ತೆರಿಗೆ ಕಚೇರೀಲಿ ಕೂತೋರು ಬಂದು ಅವನ ನಾಡಿ ಹಿಡಿದು ನೋಡ್ತಾರಾ?"

ಎಲ್ಡನ್ ಕ್ರೌಸ್‌ನ ದೇಹ ಚರ್ಚಿನಲ್ಲಿತ್ತು. ಅವನ ತೆರಿಗೆಯ ರಿಟರ್ನ್ ಈ ಮೇಜಿನ ಮೇಲಿತ್ತು. ಎರಡನ್ನೂ ಇವತ್ತೇ ಕಳಿಸಿಕೊಡಬೇಕಿತ್ತು. ದೇಶದ ಸರ್ಕಾರಕ್ಕೆ ಹೋಗಬೇಕಾದ್ದನ್ನು ಮಗಳು ಡೀನಾ ಮಾರ್ಚ್‌ನಲ್ಲೇ ಕಂಪ್ಯೂಟರಿನಲ್ಲಿ ಕಳಿಸಿಬಿಟ್ಟಿದ್ದಳು. ಒಹಾಯೋ ರಾಜ್ಯದ್ದನ್ನು ಮಾತ್ರ ಎಲ್ಡನ್ ಯಾರ ಕೈಗೂ ಕೊಟ್ಟವನಲ್ಲ. ಅದು ಕಾಗದದಲ್ಲೇ ಹೋಗಬೇಕು, ಗಡುವಿನ ಕೊನೆಯ ದಿನವಾದ ಏಪ್ರಿಲ್ ಹದಿನೈದರಂದೇ ಹೋಗಬೇಕು. ಅಂಚೆ ಕಚೇರಿಯ ಕೌಂಟರಿನ ಮುಂದೆ ನಿಂತು ಅವನೇ ಸಹಿ ಹಾಕಿ, ಅಲ್ಲೇ ಲಕೋಟೆ ಅಂಟಿಸಿ, ಆ ದಿನದ ಮುದ್ರೆ ಬೀಳುವುದನ್ನು ಕಣ್ಣಾರೆ ನೋಡಬೇಕು. ಮೊದಲೇ ಕಳಿಸುವವರು ಅವನ ಲೆಕ್ಕದಲ್ಲಿ ಪುಕ್ಕಲರು, ತಡ ಮಾಡುವವರು ಅಯೋಗ್ಯರು. ಇವರಿಬ್ಬರನ್ನೂ ಕಳೆದರೆ ಲೋಕದಲ್ಲಿ ಮಿಕ್ಕುತ್ತಿದ್ದವನು ತಾನೊಬ್ಬನೇ ಎಂಬ ಸಮಾಧಾನದಲ್ಲಿ ಅವನು ಬದುಕಿದ್ದ. ಈ ವರ್ಷವೂ ಎಲ್ಲವನ್ನೂ ತುಂಬಿ, ಹೆಂಡತಿಯ ಸಹಿ ಹಾಕಿಸಿ, ತನ್ನ ಜಾಗ ಖಾಲಿ ಬಿಟ್ಟುಕೊಂಡು ಮಂಗಳವಾರಕ್ಕೆ ಕಾಯುತ್ತಿದ್ದಾಗ ಗ್ಯಾರೇಜಿನಲ್ಲಿ ಎದೆ ಹಿಡಿದುಕೊಂಡು ಬಿದ್ದ. ತಾನು ಸಾಯುವುದೂ ತನ್ನನ್ನು ಕೇಳಿಯೇ ಎಂದು ನಂಬಿದ್ದ ಮನುಷ್ಯ.

ಡೀನಾ ಬಾಗಿಲಲ್ಲಿ ನಿಂತು ಗಡಿಯಾರ ನೋಡಿದಳು. "ಅಮ್ಮ, ಗಡುವು ಮುಂದಕ್ಕೆ ಹಾಕಿಸ್ಕೋಬಹುದು. ಗಂಡ ತೀರ್ಕೊಂಡಿದ್ದಾರೆ ಅಂದ್ರೆ ಯಾರೂ ಏನೂ ಅನ್ನಲ್ಲ. ಇವತ್ತು ಇದೆಲ್ಲ ಯಾಕೆ?"

"ಇವತ್ತೇ ಹೋಗಬೇಕು. ನಾನೇ ಹಾಕ್ತೀನಿ."

"ನೀನಾ?" ಎಂದು ವಿಲ್ಮಾ ನಕ್ಕುಬಿಟ್ಟಳು. ಆಮೇಲೆ ತಮ್ಮ ಸತ್ತಿರುವುದು ನೆನಪಾಗಿ ಆ ನಗುವನ್ನು ಕೆಮ್ಮಾಗಿ ಮಾಡಿಕೊಂಡಳು.

ನೊರೀನ್ ಸಿಟ್ಟು ತೋರಿಸಲಿಲ್ಲ. ನಿನ್ನೆಯೇ ರಾಜ್ಯದ ತೆರಿಗೆ ಕಚೇರಿಗೆ ಫೋನ್ ಹಚ್ಚಿ, ಕಾಯಿಸುವಾಗ ಅವರು ಹಾಕುವ ದರಿದ್ರ ಸಂಗೀತವನ್ನು ಅರ್ಧ ಮಧ್ಯಾಹ್ನ ಕೇಳಿ, ಗಂಡ ಸಹಿ ಹಾಕದೆ ಸತ್ತರೆ ಏನು ಮಾಡಬೇಕೆಂದು ತಿಳಿದುಕೊಂಡಿದ್ದಳು. ಇವತ್ತು ಸರಿಯಾಗಿ ಹೋಗದಿದ್ದರೆ ಏನಾಗುತ್ತದೆಂಬುದೂ ಅವಳಿಗೆ ಗೊತ್ತಿತ್ತು. ದಂಡದ ಚಿಂತೆ ಅವಳಿಗಿರಲಿಲ್ಲ. ಎಲ್ಡನ್ ಬದುಕಿಡೀ ಅವಳ ಬಗ್ಗೆ ಹೇಳಿಕೊಂಡು ತಿರುಗಿದ ಮಾತು ಕೊನೆಗೂ ನಿಜವಾಗಿಬಿಡುತ್ತಿತ್ತು, ಮತ್ತು ಅದನ್ನು ಹೇಳಿಕೊಂಡು ತಿರುಗಲು ಊರುಗೋಲು ಹಿಡಿದಾದರೂ ವಿಲ್ಮಾ ಇನ್ನೂ ಗಟ್ಟಿಮುಟ್ಟಾಗಿದ್ದಳು. ನೊರೀನ್ ಫಾರಮ್ಮನ್ನು ಮಡಿಸಿ, ಲಕೋಟೆಯ ಜೊತೆ ಕೈಚೀಲದೊಳಗಿಟ್ಟು ಜಿಪ್ ಎಳೆದಳು. ಹೊರಗೆ ಶವಸಂಸ್ಕಾರದವರ ಕರಿ ಕಾರು ಬಂದು ನಿಂತಿತು.

*

ಮದುವೆಯಾದ ಮೊದಲ ವರ್ಷ ಅವರು ಬೀಗದ ಅಂಗಡಿಯ ಮೇಲಿನ ಬಾಡಿಗೆ ಕೋಣೆಯಲ್ಲಿದ್ದರು. ಎಲ್ಡನ್ ಕೌಂಟಿಯ ರಸ್ತೆ ಇಲಾಖೆಯ ಉಗ್ರಾಣದಲ್ಲಿ ಹೊಸದಾಗಿ ಕೆಲಸಕ್ಕೆ ಸೇರಿದ್ದ. ಆ ಸಲ ಎರಡೂ ಸರ್ಕಾರದ ಕಾಗದಗಳನ್ನು ಹಾಸಿಗೆಯ ಮೇಲೆ ಹರಡಿಕೊಂಡು, ರೇಡಿಯೋದಲ್ಲಿ ಬೇಸ್‌ಬಾಲ್ ಕೇಳುತ್ತ ಲಕೋಟೆಗಳಿಗೆ ತುಂಬಿದವನು ಅವನೇ. ಅವಳು ಒದ್ದೆ ಸ್ಪಂಜಿಗೆ ಅಂಚೆಚೀಟಿ ತಾಗಿಸಿ ಅಂಟಿಸಿದಳು, ಅಷ್ಟೇ. ದೇಶದ ಕಾಗದ ರಾಜ್ಯಕ್ಕೆ ಹೋಯಿತು, ರಾಜ್ಯದ್ದು ದೇಶಕ್ಕೆ. ಎರಡೂ ತಿರುಗಿ ಬರುವಷ್ಟರಲ್ಲಿ ಗಡುವು ಮುಗಿದು ದಂಡದ ನೋಟೀಸೂ ಬಂದಿತ್ತು.

ಆ ಭಾನುವಾರ ಎಲ್ಡನ್ನನ ತಾಯಿಯ ಮನೆಯಲ್ಲಿ ಊಟ. ಮುದುಕಿ ಕೋಳಿಯ ತೊಡೆಯನ್ನು ಕತ್ತರಿಸುತ್ತ ಕೇಳಿದಳು: "ಇದನ್ನ ತುಂಬಿದ ದಡ್ಡಶಿಖಾಮಣಿ ಯಾರೋ?"

ಎಲ್ಡನ್ ತಟ್ಟೆ ನೋಡಿದ. ವಿಲ್ಮಾಳನ್ನು ನೋಡಿದ. "ನೊರೀನ್," ಎಂದ.

ಮೇಜಿನ ಅಡಿಯಲ್ಲಿ ಅವಳ ಮಂಡಿಯನ್ನು ಒತ್ತಿ ಹಿಡಿದಿದ್ದ. ಕಾರಿಗೆ ಬಂದ ಮೇಲೆ, "ಅಮ್ಮನ ಎದುರು ಇದೊಂದು ಸಲ ಹೊಟ್ಟೆಗೆ ಹಾಕ್ಕೋ. ಮುಂದಿನ ಭಾನುವಾರ ಸರಿಮಾಡ್ತೀನಿ," ಎಂದ. ಅವಳಿಗೆ ಆಗ ಅವನ ಮೇಲೆ ಅಯ್ಯೋ ಪಾಪ ಅನ್ನಿಸಿತು. ತಾಯಿಗೆ ಇಷ್ಟು ಹೆದರುವ ಗಂಡಸನ್ನು ಅವಳು ಅದುವರೆಗೂ ನೋಡಿರಲಿಲ್ಲ. ಆಗಲಿ ಎಂದಳು.

ಮುಂದಿನ ಭಾನುವಾರ ಅವನು ಸರಿಮಾಡಲಿಲ್ಲ. ಅದರ ಮುಂದಿನದೂ ಹೋಯಿತು. ಆ ನವೆಂಬರ್‌ನಲ್ಲಿ ಥ್ಯಾಂಕ್ಸ್‌ಗಿವಿಂಗ್ ಹಬ್ಬದ ಟರ್ಕಿ ಕೋಳಿಯ ಮುಂದೆ ಅವನೇ ಬಾಯಿಬಿಟ್ಟು, ಉಪ್ಪುಖಾರ ಹಚ್ಚಿ, ಅದನ್ನೊಂದು ಕತೆ ಮಾಡಿ ಹೇಳಿದ. ಎಲ್ಲರೂ ನಕ್ಕರು. ಅವನಿಗೆ ಅಲ್ಲಿಯವರೆಗೆ ಯಾವ ಕತೆಯನ್ನೂ ಹೇಳಿ ನಗಿಸಿ ಗೊತ್ತಿರಲಿಲ್ಲ. ಆ ರುಚಿ ಹತ್ತಿದ ಮೇಲೆ ಬಿಡಲಿಲ್ಲ.

*

ಚರ್ಚಿನಲ್ಲಿ ಶವಪೆಟ್ಟಿಗೆಯ ಪಕ್ಕ ನಿಂತು ಮಾತಾಡಲು ಡ್ವೈಟ್‌ನನ್ನು ಕರೆದರು. ಉಗ್ರಾಣದಲ್ಲಿ ಎಲ್ಡನ್ ಜೊತೆ ಇಡೀ ನೌಕರಿ ಮುಗಿಸಿದವನು. ದೊಡ್ಡ ಹೊಟ್ಟೆ, ಅದರ ಅರ್ಧಕ್ಕೂ ಸಾಲದ ಟೈ. ಸತ್ತವನ ಬಗ್ಗೆ ಹೇಳಲು ಅವನಿಗೆ ಎರಡೇ ಮಾತು ಸಿಕ್ಕವು. ಎಲ್ಡನ್ ಒಂದು ಮೊಳೆಯನ್ನೂ ರಸೀದಿ ಇಲ್ಲದೆ ಕೊಟ್ಟವನಲ್ಲ ಎಂದ. ಆಮೇಲೆ ಎರಡನೆಯದಕ್ಕೆ ಕೈ ಹಾಕಿದ.

"ಇವತ್ತು ಏನು ದಿನ ಅಂತ ನಿಮಗೆಲ್ಲ ಗೊತ್ತು. ಎಲ್ಡನ್ನನ್ನ ಹೂಳೋಕೆ ಇದಕ್ಕಿಂತ ಒಳ್ಳೇ ದಿನ ಸಿಕ್ತಿರಲಿಲ್ಲ ಬಿಡಿ!" ಬೆಂಚುಗಳಲ್ಲಿ ಕಿಸಕ್ಕೆಂದರು. "ನೊರೀನ್ ಮದುವೆಯಾದ ವರ್ಷ ಕವರು ಅದಲು ಬದಲು ಮಾಡಿದ ಕತೆ ಕೇಳದೇ ಇರೋರು ಯಾರಾದ್ರೂ ಇದ್ದೀರಾ? ಕೈ ಎತ್ತಿ. ಇಲ್ಲ ತಾನೆ? ಆದ್ರೂ ಹೇಳ್ತೀನಿ."

ಹೇಳಿದ. ಹೊಸದಾಗಿ ಒಂದಿಷ್ಟು ಸೇರಿಸಿಯೂ ಹೇಳಿದ. ಈ ಸಲದ ಕತೆಯಲ್ಲಿ ನೊರೀನ್ ಲಕೋಟೆಯೊಳಗೆ ದಿನಸಿಯ ಚೀಟಿಯನ್ನೂ ಹಾಕಿದ್ದಳು.

"ಅವತ್ತಿಂದ ಅವಳನ್ನ ಪೋಸ್ಟ್ ಆಫೀಸಿನ ಒಳಕ್ಕೇ ಬಿಡ್ತಿರಲಿಲ್ಲ ಮಾರಾಯ್ರೆ! ಕಾರಲ್ಲೇ ಕೂರಿಸಿ ಹೋಗ್ತಿದ್ದ. ಕಿಟಕಿ ಒಂಚೂರು ಇಳಿಸಿ, ನಾಯಿನ ಕೂರಿಸ್ತಾರಲ್ಲ, ಹಾಗೆ!"

ಇಡೀ ಚರ್ಚು ನಕ್ಕಿತು. ಪಾದ್ರಿ ಪ್ರಾರ್ಥನೆಯ ಪುಸ್ತಕವನ್ನು ಬಾಯಿಗೆ ಅಡ್ಡ ಹಿಡಿದ. ವಿಲ್ಮಾ ನಗುತ್ತ ನಗುತ್ತ ಕಣ್ಣೊರೆಸಿಕೊಂಡಳು. ದೂರದಲ್ಲಿದ್ದವರು ಅದನ್ನು ದುಃಖವೆಂದು ತಿಳಿದು ಅವಳ ಬೆನ್ನು ಸವರಿದರು.

ಡೀನಾ ತಾಯಿಯ ಕಿವಿಯಲ್ಲಿ, "ಪ್ರೀತಿಯಿಂದ ಹೇಳ್ತಿದ್ದಾರೆ ಅಮ್ಮ," ಎಂದಳು.

"ಹೌದಾ," ಎಂದಳು ನೊರೀನ್.

ಅವಳು ಶವಪೆಟ್ಟಿಗೆಯನ್ನು ನೋಡುತ್ತಿದ್ದಳು. ಎಲ್ಡನ್ನನ ಬಗ್ಗೆ ಅವಳಿಗಿದ್ದದ್ದು ತಿರಸ್ಕಾರ. ಅದು ಒಮ್ಮೆಲೇ ಬಂದದ್ದೂ ಅಲ್ಲ, ಆಗಾಗ ಬಂದು ಹೋಗುತ್ತಿದ್ದದ್ದೂ ಅಲ್ಲ. ಅವನಿಗೆ ಮೊಟ್ಟೆ ಬೇಯಿಸುವಾಗ, ಅವನ ಅಂಗಿಯ ಕಾಲರು ಉಜ್ಜುವಾಗ, ಅವನು ಅಕ್ಕಪಕ್ಕದವರ ಹುಲ್ಲು, ಕಸದ ಡಬ್ಬ, ಕಾರು ನಿಲ್ಲಿಸುವ ರೀತಿಗೆಲ್ಲ ಮೂಗು ಮುರಿಯುವುದನ್ನು ಕೇಳುವಾಗ, ಅದು ಅವಳೊಳಗೆ ಮನೆಯ ಒಲೆಯಷ್ಟೇ ರೂಢಿಯಾಗಿ ಉರಿಯುತ್ತಿತ್ತು. ಬೇರೆಯವರ ತಪ್ಪನ್ನು ಮೂಸಿ ಹುಡುಕುವ ಇವನು ತನ್ನದೊಂದನ್ನು ಹೊರಲಾರದೆ ಹೆಂಡತಿಯ ಮೇಲೆ ಹೇರಿದವನು. ಇಷ್ಟಾದರೂ ಅವನಿಗೆ ಅವಳು ಒಂದು ರಿಯಾಯಿತಿ ಕೊಟ್ಟಿದ್ದಳು. ಹೇಳಿ ಹೇಳಿ ಅವನಿಗೇ ಅದು ನಿಜವಾಗಿಬಿಟ್ಟಿದೆ, ಮರೆತಿದ್ದಾನೆ, ಸುಳ್ಳು ಹೇಳುತ್ತಿಲ್ಲ ಎಂದುಕೊಂಡಿದ್ದಳು. ಆ ರಿಯಾಯಿತಿ ಇಲ್ಲದಿದ್ದರೆ ಅವನೊಂದಿಗೆ ಒಂದೇ ಹಾಸಿಗೆಯಲ್ಲಿ ಮಲಗುವುದು ಆಗುತ್ತಿರಲಿಲ್ಲ.

*

ಒಂದು ವರ್ಷ ಇದೇ ಏಪ್ರಿಲ್‌ನಲ್ಲಿ, ಕಾರಿನಲ್ಲಿ ಕೂತು ಕೂತು ಬೇಸರವಾಗಿ ಅವಳು ಒಳಗೆ ಹೋಗಿದ್ದಳು. ಎಲ್ಡನ್ ತನ್ನ ಕೆಲಸ ಮುಗಿಸಿಯೂ ಹೊರಗೆ ಬಂದಿರಲಿಲ್ಲ. ಗೋಡೆಗೆ ಒರಗಿ ನಿಂತು, ಕೊನೆಯ ಗಳಿಗೆಯಲ್ಲಿ ಓಡಿ ಬಂದವರನ್ನು ನೋಡುತ್ತಿದ್ದ. ಅವನಿಗೆ ಅದು ಹಬ್ಬ. ಸಂಬಳದ ಚೀಟಿ ಲಗತ್ತಿಸಲು ಮರೆತವರು, ಅಂಚೆಚೀಟಿ ಸಾಲದವರು, ರಾಜ್ಯಕ್ಕೆ ಹಣ ಕಟ್ಟುವವರಿಗೊಂದು, ಕಟ್ಟಬೇಕಿಲ್ಲದವರಿಗೊಂದು ಇರುವ ವಿಳಾಸಗಳನ್ನು ಅದಲು ಬದಲು ಬರೆದವರು. ಯಾರಿಗೂ ತಿದ್ದಿ ಹೇಳುತ್ತಿರಲಿಲ್ಲ. ನೋಡಿ ಖುಷಿಪಡುತ್ತಿದ್ದ, ಅಷ್ಟೇ.

ಅವಳನ್ನು ಕಂಡು, "ಏ, ಏ! ಇವಳ ಕೈಗೆ ಕವರು ಸಿಗದ ಹಾಗೆ ನೋಡ್ಕೊಳ್ರಪ್ಪ!" ಎಂದು ಗಟ್ಟಿಯಾಗಿ ಹೇಳಿದ. ಸಾಲಿನಲ್ಲಿದ್ದವರು ತಿರುಗಿ ನೋಡಿ ನಕ್ಕರು.

ಮನೆಗೆ ಹೋಗುವ ದಾರಿಯಲ್ಲಿ ಅವಳು ಕೇಳಿದಳು: "ಎಲ್ಡನ್, ಆ ವರ್ಷ ಕವರಿಗೆ ತುಂಬಿದ್ದು ಯಾರು ಅಂತ ನಿನಗೆ ನಿಜವಾಗ್ಲೂ ನೆನಪಿಲ್ವಾ?"

ಅವನು ರಸ್ತೆಯಿಂದ ಕಣ್ಣು ತೆಗೆದು ಅವಳನ್ನು ನೋಡಿದ. ಮುಖ ಹಸುಗೂಸಿನಷ್ಟು ತಿಳಿಯಾಗಿತ್ತು. "ನೀನೇ ಅಲ್ವೇನೆ?" ಎಂದ.

ರಿಯಾಯಿತಿ ಕೊಟ್ಟದ್ದು ಅವತ್ತೇ.

*

ಹೂಳುವ ಕೆಲಸ ಬೇಗ ಮುಗಿಯಿತು, ಗಾಳಿ ಚಳಿಯಾಗಿತ್ತು. ಆಮೇಲೆ ಚರ್ಚಿನ ನೆಲಮಾಳಿಗೆಯಲ್ಲಿ ಊಟ. ಹ್ಯಾಮ್ ಇಟ್ಟ ಬನ್ನುಗಳು, ಚೀಸಿನಲ್ಲಿ ಮುಳುಗಿದ ಆಲೂಗಡ್ಡೆ, ಕ್ಯಾರೆಟ್ ತುರಿ ಹಾಕಿದ ಹಸಿರು ಜೆಲ್ಲಿ. ದುಃಖಕ್ಕೆ ಬಂದವರ ತಟ್ಟೆಗಳು ಚೆನ್ನಾಗಿಯೇ ತುಂಬಿದವು. ಡ್ವೈಟ್ ಎರಡನೇ ಸಲ ಆಲೂಗಡ್ಡೆ ಬಡಿಸಿಕೊಳ್ಳುತ್ತ, ಮೊದಲ ಸಲ ಕೇಳಿಸಿಕೊಳ್ಳದವರಿಗೆ ನಾಯಿಯ ಮಾತನ್ನು ಮತ್ತೆ ಹೇಳುತ್ತಿದ್ದ. ನೊರೀನ್ ಎದ್ದು ಕೋಟು ಹಾಕಿಕೊಂಡಳು.

ವಿಲ್ಮಾ ಕೈಯಲ್ಲಿ ಬನ್ನು ಹಿಡಿದೇ ಹಿಂದೆ ಬಂದಳು. "ಎಲ್ಲಿಗೆ? ಪೋಸ್ಟ್ ಆಫೀಸಿಗಾ? ನಾನೂ ಬರ್ತೀನಿ. ನೀನೊಬ್ಬಳೇ ಹೋದ್ರೆ ಅದು ಪಕ್ಕದ ಕೆಂಟಕಿ ರಾಜ್ಯಕ್ಕೆ ಹೋಗತ್ತೆ."

ಅಂಚೆ ಕಚೇರಿಯಲ್ಲಿ ಸಾಲು ಬಾಗಿಲವರೆಗೂ ಬಂದಿತ್ತು. ಸಾಲಿನಲ್ಲಿದ್ದ ಮುಖಗಳನ್ನೆಲ್ಲ ನೋಡಿದರೆ ಊರಿನ ಅರ್ಧ ಜನಕ್ಕೆ ಇವತ್ತಿನ ತಾರೀಖು ನಿನ್ನೆ ತಾನೇ ಗೊತ್ತಾದಂತಿತ್ತು. ವಿಲ್ಮಾ ತನ್ನ ಚೀಲದಿಂದ ತನ್ನದೇ ಒಂದು ಲಕೋಟೆ ತೆಗೆದು ಗಾಳಿ ಬೀಸಿಕೊಂಡಳು. ಅದೂ ಒಹಾಯೋ ತೆರಿಗೆಯದೇ. ವಿಧವೆಯಾದಾಗಿನಿಂದ ಅದನ್ನು ತುಂಬಿ, ಅಂಚೆಚೀಟಿ ಹಚ್ಚಿ, ತಂದು ಹಾಕುತ್ತಿದ್ದದ್ದು ಎಲ್ಡನ್. ಈ ವರ್ಷ ತುಂಬಿ, ಚೀಟಿ ಹಚ್ಚಿ ಕೊಟ್ಟಿದ್ದ, ಹಾಕುವುದು ಮಾತ್ರ ಬಾಕಿ ಇತ್ತು.

"ನಿನ್ನದನ್ನ ಇಲ್ಲಿ ಕೊಡು, ಅಂಟಿಸೋ ಮುಂಚೆ ಒಂದ್ಸಲ ನೋಡ್ತೀನಿ," ಎಂದು ವಿಲ್ಮಾ ಕೈ ಚಾಚಿದಳು. "ಏನು ತುಂಬಿದ್ದೀಯೋ ಏನೋ."

"ಬೇಡ."

"ಯಾಕೆ ಬೇಡ? ಒಂದ್ಸಲ ಆಗಿದ್ದು ಇನ್ನೊಂದ್ಸಲ ಆಗಲ್ವಾ?"

ನೊರೀನ್ ಅವಳ ಕಡೆ ತಿರುಗಿದಳು. ಈ ಮಾತನ್ನು ಯಾರ ಮುಂದಾದರೂ ಹೇಳುವ ದಿನ ಬಂದೀತೆಂದು ಅವಳು ಎಣಿಸಿರಲಿಲ್ಲ. "ವಿಲ್ಮಾ, ಆ ವರ್ಷ ತುಂಬಿದ್ದು ನಾನಲ್ಲ. ಎಲ್ಡನ್. ನಿಮ್ಮಮ್ಮನಿಗೆ ಹೆದರಿ ನನ್ನ ಹೆಸರು ಹೇಳಿದ."

ವಿಲ್ಮಾಳ ಮುಖದಲ್ಲಿ ಆಶ್ಚರ್ಯ ಬರಲಿಲ್ಲ. ಬಂದದ್ದು ಬೇಸರ.

"ಅದು ನನಗೆ ಗೊತ್ತಿಲ್ವಾ?"

"ಏನು?"

"ಅಮ್ಮ ಸತ್ತ ವರ್ಷ ಅವನೇ ಹೇಳಿದ. ಬಿದ್ದು ಬಿದ್ದು ನಕ್ಕಿದ್ವಿ. ಆಮೇಲೆ ಕ್ರಿಸ್‌ಮಸ್‌ನಲ್ಲಿ ಆ ಕತೆ ಎತ್ತೋಕೆ ಮೊದಲು ನನ್ನ ಕಡೆ ನೋಡಿ ಕಣ್ಣು ಹೊಡೀತಿದ್ದನಲ್ಲ, ನೀನು ನೋಡೇ ಇಲ್ವಾ? ತಮಾಷೆ ಕಣೆ. ಅಕ್ಕ ತಮ್ಮಂದಿರ ತಮಾಷೆ."

ಸಾಲು ಒಂದು ಹೆಜ್ಜೆ ಮುಂದೆ ಸರಿಯಿತು. ನೊರೀನ್ ಸರಿಯಲಿಲ್ಲ. ಹಿಂದಿದ್ದ ಗಂಡಸು ಗಂಟಲು ಸರಿಮಾಡಿಕೊಂಡ.

"ನಿನಗೆ ಗೊತ್ತಿದ್ದೂ ನಗ್ತಿದ್ದೆ."

"ನೀನೇ ಬಾಯಿಬಿಡ್ತಿರಲಿಲ್ಲವಲ್ಲ. ನಿನಗೇ ಮಾನ ಮರ್ಯಾದೆ ಅನ್ನೋದು ಬೇಡವಾಗಿದ್ರೆ ನನಗೇನು? ಸರಿ ಸರಿ, ಮುಂದೆ ಹೋಗು. ನನ್ನ ಕಾಲು ಊದಿಕೊಂಡಿವೆ, ಇಲ್ಲಿ ನಿಲ್ಲೋಕಾಗಲ್ಲ. ಹೊರಗಿರ್ತೀನಿ."

ವಿಲ್ಮಾ ಹೋದಳು. ನೊರೀನ್ ಸಾಲಿನಲ್ಲಿ ಮುಂದೆ ಸರಿದಳು. ಅಳು ಬರಲಿಲ್ಲ. ಇಷ್ಟು ವರ್ಷ ಮರೆಗುಳಿಯೊಬ್ಬನಿಗೆ ಮೊಟ್ಟೆ ಬೇಯಿಸಿ ಹಾಕುತ್ತಿದ್ದೇನೆ ಎಂದುಕೊಂಡಿದ್ದಳು. ಆ ಹಸುಗೂಸಿನ ಮುಖ, ಕಾರಿನಲ್ಲಿ ಅವಳ ಕಡೆ ತಿರುಗಿದ ಆ ಮುಖ, ಮನೆಗೆ ಹೋದ ಮೇಲೆ ಅಕ್ಕನಿಗೆ ಫೋನು ಮಾಡಿ ನಕ್ಕಿರಬೇಕು. ಎಂಥ ಅಲ್ಪ ಮನುಷ್ಯ ಎಂದು ಅವಳಿಗೆ ಅನ್ನಿಸಿತು. ಹಾಗೆ ಅನ್ನಿಸಿದ ಕೂಡಲೇ ಮೈ ಹಗುರಾಯಿತು. ಇನ್ನು ಅವನಿಗೆ ಕೊಡಬೇಕಾದ್ದು ಏನೂ ಉಳಿದಿರಲಿಲ್ಲ.

ಕೌಂಟರಿನ ಹಿಂದಿದ್ದ ರೊಂಡಾ ತಲೆ ಎತ್ತಿದಳು. "ಏನಿದು, ಇವತ್ತು ಎಲ್ಡನ್ ಬರಲಿಲ್ವಾ?"

"ಈಗ ತಾನೆ ಹೂತು ಬಂದ್ವಿ."

"ಅಯ್ಯೋ ದೇವರೆ. ನನಗೆ ಗೊತ್ತೇ ಆಗಲಿಲ್ಲ ನೊರೀನ್."

"ಪರವಾಗಿಲ್ಲ. ಒಂದು ಪೆನ್ನು ಕೊಡ್ತೀಯಾ?"

ಫಾರಂ ಬಿಚ್ಚಿದಳು. ತನ್ನ ಸಹಿಯ ಕೆಳಗೆ ಎಲ್ಡನ್ನನ ಖಾಲಿ ಗೆರೆ. ಅದರ ಮೇಲೆ, ಫೋನಿನಲ್ಲಿ ಹೇಳಿದ್ದ ಪ್ರಕಾರವೇ, 'ಮೃತ' ಎಂದು ಬರೆದಳು. ಸತ್ತ ತಾರೀಖು ಬರೆದಳು. 'ಬದುಕಿರುವ ಸಂಗಾತಿಯಾಗಿ ಸಲ್ಲಿಸಿದ್ದೇನೆ' ಎಂದು ಬರೆದಳು. ಅಕ್ಷರಗಳು ಬೇಕಾದ್ದಕ್ಕಿಂತ ಸ್ವಲ್ಪ ದೊಡ್ಡದಾದವು. ಅವನ ಹಾಳೆಯ ಮೇಲೆ ಅವಳ ಕೈಬರಹ ಇಷ್ಟು ಜಾಗ ತಿಂದದ್ದು ಇದೇ ಮೊದಲು. ಸಂಬಳ ಪಿಂಚಣಿಯ ಚೀಟಿಗಳು ಇವೆಯೇ ನೋಡಿದಳು. ಕೊಲಂಬಸ್ಸಿನ ಎರಡು ವಿಳಾಸಗಳಲ್ಲಿ ಹಣ ಕಟ್ಟಬೇಕಿಲ್ಲದವರದೇ ಲಕೋಟೆಯ ಮೇಲಿದೆಯೇ ನೋಡಿದಳು. ಅಂಟು ಹಚ್ಚಿ ಅಂಗೈಯಿಂದ ಒತ್ತಿದಳು.

ರೊಂಡಾ ತೂಗಿ, ಚೀಟಿ ಅಂಟಿಸಿ, ದುಂಡು ಮುದ್ರೆ ಎತ್ತಿ, "ಎಲ್ಡನ್ ಎರಡು ಸಲ ಒತ್ತಿಸ್ತಿದ್ರು," ಎಂದಳು.

"ಒಂದು ಸಾಕು."

ಮುದ್ರೆ ಬಿತ್ತು. ಏಪ್ರಿಲ್ ಹದಿನೈದು, ಸ್ಪಷ್ಟವಾಗಿ, ಕಪ್ಪಾಗಿ. ರೊಂಡಾ ಕೊಟ್ಟ ರಸೀದಿಯನ್ನು ನೊರೀನ್ ಚೀಲಕ್ಕೆ ಹಾಕಿಕೊಂಡಳು. ರೊಂಡಾ ಅವಳ ಭುಜದ ಮೇಲಿಂದ ಸಾಲಿನ ಕಡೆಗೆ ಕೂಗಿದಳು: "ಕೇಳ್ರಪ್ಪ! ಹೊರಗಿನ ನೀಲಿ ಪೋಸ್ಟ್ ಡಬ್ಬದ ಕಾಗದಗಳನ್ನ ಆಗಲೇ ತೆಗೆದುಕೊಂಡು ಹೋಗಾಯ್ತು. ಈಗ ಅದರೊಳಗೆ ಹಾಕಿದ್ದಕ್ಕೆ ನಾಳೆ ತಾರೀಖು ಬೀಳತ್ತೆ. ಇವತ್ತಿನದು ಬೇಕಾದೋರು ಸಾಲು ಬಿಟ್ಟು ಹೋಗ್ಬೇಡಿ, ಬಾಗಿಲು ಹಾಕೋಕೆ ಇನ್ನೂ ಟೈಮಿದೆ!"

ನೊರೀನ್ ಹೊರಗೆ ಬಂದಳು.

ವಿಲ್ಮಾ ನೀಲಿ ಡಬ್ಬದ ಮುಂದೆ ನಿಂತಿದ್ದಳು. ಒಂದು ಕೈಯಲ್ಲಿ ಊರುಗೋಲು, ಇನ್ನೊಂದರಲ್ಲಿ ಕೈಚೀಲವೂ ಲಕೋಟೆಯೂ. ಡಬ್ಬದ ಹಿಡಿಗೆ ಮೊಣಕೈ ಸಿಕ್ಕಿಸಿ ಎಳೆಯಲು ನೋಡುತ್ತಿದ್ದಳು, ಆಗುತ್ತಿರಲಿಲ್ಲ.

"ಮುಗೀತಾ? ಸರಿಯಾಗಿ ಕಳಿಸಿದ್ಯೋ, ಇಲ್ಲ ನನ್ನ ತಮ್ಮನ ಹೆಸರು ಹಾಳುಮಾಡಿ ಬಂದ್ಯೋ?"

"ಸರಿಯಾಗಿ ಕಳಿಸಿದೆ."

"ನೋಡೋಣ, ನೋಟೀಸು ಬಂದಾಗ ಗೊತ್ತಾಗತ್ತೆ. ನನ್ನದನ್ನಂತೂ ನಿನ್ನ ಕೈಗೆ ಕೊಡಲ್ಲಮ್ಮ, ನಾನೇ ಹಾಕ್ತೀನಿ. ಇದರ ಹಾಳು ಬಾಯಿ ಯಾವ ಕಡೆ ತೆಗೆಯತ್ತೆ?"

ನೊರೀನ್ ಒಮ್ಮೆ ಹಿಂದಿರುಗಿ ಗಾಜಿನ ಬಾಗಿಲನ್ನು ನೋಡಿದಳು. ಒಳಗೆ ಸಾಲು ಚಿಕ್ಕದಾಗುತ್ತ ಬಂದಿತ್ತು. ರೊಂಡಾ ಯಾರದೋ ಲಕೋಟೆಯ ಮೇಲೆ ಮುದ್ರೆ ಒತ್ತುತ್ತಿದ್ದಳು.

"ಈ ಕಡೆ," ಎಂದು ಹೇಳಿ ನೊರೀನ್ ಮುಂದೆ ಬಂದಳು. ಕಪ್ಪು ಕೈಗವಸಿನ ಕೈಯಲ್ಲಿ ಡಬ್ಬದ ಕಬ್ಬಿಣದ ಬಾಯನ್ನು ಪೂರ್ತಿ ಎಳೆದು, ಗಂಡನ ಅಕ್ಕನ ಲಕೋಟೆ ಒಳಗೆ ಜಾರಿ ಬರಿದಾದ ತಳಕ್ಕೆ ಬಿದ್ದ ಸದ್ದು ಕೇಳುವವರೆಗೂ, ತುಂಬ ಮರ್ಯಾದೆಯಿಂದ, ತೆರೆದು ಹಿಡಿದುಕೊಂಡಿದ್ದಳು.